ಗೇಟಿನ ಮುಂದಿನ ಖಾಲಿ ಜಾಗ

“ಅಜ್ಜಾರೇ, ಯಾರೂ ಗೆರೆ ಎಳೆಯದ ಕಡೆ ನನ್ನ ಪಾಲು ಎಲ್ಲಿಗೆ ಮುಗಿಯಿತು ಎಂದು ನನಗೆ ಹೇಗೆ ತಿಳಿಯಬೇಕು?” ಎಂದು ಶಿಷ್ಯ ಕೇಳಿದ.

ಕೇಳಿದವನ ಹೆಸರು ಚರಂತಯ್ಯ. ಮಠಕ್ಕೆ ಬರುವ ಭಕ್ತರನ್ನು ಸರದಿಯಲ್ಲಿ ನಿಲ್ಲಿಸಿ, ಒಬ್ಬೊಬ್ಬರನ್ನಾಗಿ ಹಿರಿಯ ಗುರುಗಳ ಹತ್ತಿರ ಬಿಡುವುದು ಅವನ ಕೆಲಸ. ಆ ಗುರುಗಳನ್ನೇ ಊರೆಲ್ಲ ಅಜ್ಜಾರು ಎನ್ನುತ್ತಿತ್ತು. ಪ್ರಶ್ನೆ ಕೇಳುವುದಕ್ಕೆ ದೊಡ್ಡ ತತ್ವದ ಹಾಗಿತ್ತು, ಆದರೆ ಅದು ಹುಟ್ಟಿದ್ದು ಅಡುಗೆಮನೆಯ ಪಕ್ಕದ ಸಣ್ಣ ಬಾಗಿಲಲ್ಲಿ. ಕಳೆದ ಅಮಾವಾಸ್ಯೆಯಂದು ಚರಂತಯ್ಯ ತನ್ನ ಅಕ್ಕನನ್ನೂ ಭಾವನನ್ನೂ ಸರದಿ ತಪ್ಪಿಸಿ ಆ ಬಾಗಿಲಿನಿಂದ ಒಳಗೆ ಬಿಟ್ಟಿದ್ದ. ಭಾವನಿಗೆ ಬಸ್ಸಿನ ಹೊತ್ತಾಗಿತ್ತು. ಬಾಗಿಲು ಖಾಲಿ ಇತ್ತು. ಅದರಿಂದ ಯಾರನ್ನೂ ಬಿಡಬೇಡ ಎಂದು ಯಾರೂ ಹೇಳಿರಲಿಲ್ಲ. ಅಜ್ಜಾರು ಆ ದಿನ ಎಲ್ಲ ನೋಡಿಯೂ ಏನೂ ಅಂದಿರಲಿಲ್ಲ. ಬೈದಿದ್ದರೆ ಚರಂತಯ್ಯನಿಗೆ ನಿದ್ದೆ ಬರುತ್ತಿತ್ತು.

ಅದಕ್ಕೆ ಅಜ್ಜಾರು ಈ ಕತೆ ಹೇಳಿದರು.

ಒಬ್ಬ ಟಂಟಂ ಚಾಲಕನಿದ್ದ. ಮೂರು ಗಾಲಿಯ ಆ ಗಾಡಿಯಲ್ಲಿ ಹಳ್ಳಿಯಿಂದ ಪೇಟೆಗೆ, ಪೇಟೆಯಿಂದ ಹಳ್ಳಿಗೆ ಜನರನ್ನು ಒಯ್ದು ಬಿಡುವುದು ಅವನ ಜೀವನ. ಅವನು ದಿನವೂ ಓಡಾಡುವ ರಸ್ತೆಗೆ ಅಡ್ಡವಾಗಿ ರೈಲು ಹಳಿ ಹಾಯ್ದಿತ್ತು, ಅಲ್ಲೊಂದು ಗೇಟಿತ್ತು. ಎರಡು ಬಸ್ಸು ಎದುರಾದರೆ ಕನ್ನಡಿ ಮಡಚಿಕೊಂಡು ದಾಟಬೇಕು, ಅಷ್ಟೇ ರಸ್ತೆಯ ಅಗಲ. ಅದರ ಮೇಲೆ ಬಿಳಿ ಗೆರೆ ಎಂದೂ ಬಿದ್ದದ್ದಿಲ್ಲ. ಅಲ್ಲಿ ಎಷ್ಟು ಸಾಲು ಎಂಬುದನ್ನು ಚಾಲಕರು ಮುಂದೆ ನಿಂತ ಗಾಡಿಯನ್ನು ನೋಡಿ ತಿಳಿಯುತ್ತಿದ್ದರು. ಮುಂದಿನವನು ಎಡಕ್ಕೆ ಸರಿದು ನಿಂತರೆ ಹಿಂದಿನವನೂ ಅವನ ಬೆನ್ನಿಗೆ ನಿಲ್ಲುತ್ತಿದ್ದ. ಒಬ್ಬ ಬಲಕ್ಕೆ ಹೊರಳಿದನೋ, ಎರಡನೆಯ ಸಾಲು ಹುಟ್ಟಿತು ಎಂದೇ ಲೆಕ್ಕ. ಕುರಿ ಹಿಂದೆ ಕುರಿ ಅನ್ನುತ್ತಾರಲ್ಲ, ಹಾಗೆ. ಕುರಿಗೆ ಹಾರ್ನ್ ಒಂದಿಲ್ಲ.

ನಮ್ಮ ಚಾಲಕ ಹಾಗೆ ಹೊರಳುವವನಲ್ಲ. ಗೇಟು ಹಾಕಿದ್ದರೆ ತನ್ನ ಸಾಲಿನಲ್ಲಿ ಎಂಜಿನ್ ಆರಿಸಿ, ಇಳಿದು, ಎಲೆ ಅಡಿಕೆ ಹಾಕಿಕೊಂಡು ನಿಲ್ಲುವವನು. ಬಲಕ್ಕೆ ನುಗ್ಗುವವರನ್ನು ಕಂಡರೆ ಅವರ ಅಪ್ಪ ಅಜ್ಜಂದಿರನ್ನೆಲ್ಲ ಎಬ್ಬಿಸಿ ಬೈಯುವವನು. ಆ ಬೈಗುಳ ಕೇಳಿ ಗೇಟು ಕಾಯುವವನು ನಗುತ್ತಿದ್ದ. ಇಬ್ಬರಿಗೂ ಅಷ್ಟರಮಟ್ಟಿನ ಪರಿಚಯವಿತ್ತು.

ಒಂದು ದಿನ ಬೆಳಿಗ್ಗೆ ಚಾಲಕನ ಸೋದರಮಾವ ತೀರಿಕೊಂಡ ಸುದ್ದಿ ಬಂತು. ಚಾಲಕನ ತಾಯಿಗೆ ಆ ಒಬ್ಬನೇ ಅಣ್ಣ. ಅಣ್ಣ ತಂಗಿ ಮಾತು ಬಿಟ್ಟು ಬಹಳ ವರ್ಷವಾಗಿತ್ತು. ಯಾವುದೋ ಮದುವೆಯಲ್ಲಿ ತಂಗಿ ಉಡುಗೊರೆ ಕೊಟ್ಟ ಸೀರೆಯ ಬಗ್ಗೆ ಅಣ್ಣ ನಾಲ್ಕು ಜನರೆದುರು ಹಗುರವಾಗಿ ಮಾತಾಡಿದ್ದ. ಅವಳು ಉಣ್ಣದೆ ಎದ್ದು ಬಂದಿದ್ದಳು. ಕಾರಣ ಸಣ್ಣದು, ಸಿಟ್ಟು ದೊಡ್ಡದು. ಆಮೇಲೆ ಅಣ್ಣ ಮತ್ತೆ ಮತ್ತೆ ಹೇಳಿಕಳಿಸಿದ. ಅವಳು ಹೋಗಲಿಲ್ಲ. ಮುದುಕನಾದ ಮೇಲೆ ಅವನೂ ಹೇಳಿಕಳಿಸುವುದನ್ನು ಬಿಟ್ಟ.

ಸುದ್ದಿ ಬಂದ ದಿನವೂ ಮೊದಲು ಬರುವುದಿಲ್ಲ ಎಂದಳು. ಗೋಡೆಗೆ ಒರಗಿ ಕೂತಳು. ನೀರು ಕುಡಿಯಲಿಲ್ಲ, ಅಳಲೂ ಇಲ್ಲ. ಮಗ ಒತ್ತಾಯ ಮಾಡಿ ನೋಡಿದ, ಸೋತು ಸುಮ್ಮನಾದ. ಹೊತ್ತು ಇಳಿಯತೊಡಗಿದ ಮೇಲೆ ಅವಳೇ ಎದ್ದಳು. ಪೆಟ್ಟಿಗೆಯಲ್ಲಿದ್ದ ಹೊಸ ಧೋತರವೊಂದನ್ನು ತೆಗೆದು, ಅಣ್ಣನ ಮೈಮೇಲೆ ಹೊದಿಸಲೆಂದು ಸೆರಗಿನೊಳಗೆ ಇಟ್ಟುಕೊಂಡಳು.

“ಬದುಕಿದ್ದಾಗ ಮಾರಿ ತಿರುವಿದೆ. ಈಗರೆ ಅಂವನ ಮಾರಿ ನೋಡಿ ಬರ್ತೀನಿ. ಗಾಡಿ ತಗಿ,” ಎಂದಳು.

ಮಗ ಫೋನು ಮಾಡಿ ಕೇಳಿದ. ಹೊತ್ತು ಮುಳುಗುವುದರೊಳಗೆ ಮಣ್ಣು ಮಾಡಬೇಕು, ಅಲ್ಲಿಯತನಕ ಹೆಣ ಎತ್ತುವುದಿಲ್ಲ, ತಂಗಿ ಬರಲಿ ಎಂದು ಎಲ್ಲರೂ ಕಾಯುತ್ತಿದ್ದಾರೆ ಎಂದು ಆ ಕಡೆಯವರು ಹೇಳಿದರು. ಹೊತ್ತು ಬಹಳ ಇರಲಿಲ್ಲ, ಆದರೆ ಸಾಲುವಷ್ಟು ಇತ್ತು. ಅವನು ತಾಯಿಯನ್ನು ಹಿಂದಿನ ಸೀಟಿನಲ್ಲಿ ಕೂರಿಸಿಕೊಂಡು ಹೊರಟ. ದಾರಿಯಲ್ಲಿ ಅವಳು ಒಮ್ಮೆ ಮಾತ್ರ, ಅಣ್ಣನಿಗೆ ಬಿಳಿ ಬಟ್ಟೆ ಎಂದರೆ ಆಸೆ ಎಂದಳು.

ಗೇಟಿಗೆ ಬಂದಾಗ ಗೇಟು ಹಾಕಿತ್ತು. ಎಡಕ್ಕೆ ಒಂದು ಸಾಲು ನಿಂತಿತ್ತು. ಅದರ ಕೊನೆಗೆ, ಅವನ ಕಣ್ಣೆದುರಿಗೇ, ಎರಡು ಟ್ರೇಲರ್ ತುಂಬ ಕಬ್ಬು ಹೇರಿದ ಟ್ರ್ಯಾಕ್ಟರ್. ಅವನು ಅದರ ಹಿಂದೆ ನಿಲ್ಲಿಸಿದ. ಇಳಿಯಲಿಲ್ಲ, ಎಂಜಿನ್ ಆರಿಸಲಿಲ್ಲ. ಗೇಟು ತೆಗೆದ ಮೇಲೂ ಈ ಟ್ರ್ಯಾಕ್ಟರ್ ಬಸವನಹುಳದ ಹಾಗೆ ತೆವಳುತ್ತದೆ, ಅದರ ಬಾಲ ಹಿಡಿದು ತಾನೂ ತೆವಳಬೇಕು ಎಂದು ಅವನಿಗೆ ಗೊತ್ತಿತ್ತು. ಹೊತ್ತು ನೋಡಿದ. ಕನ್ನಡಿಯಲ್ಲಿ ತಾಯಿಯನ್ನು ನೋಡಿದ. ರಸ್ತೆಯ ಬಲಭಾಗ ಗೇಟಿನತನಕ ಖಾಲಿ ಬಿದ್ದಿತ್ತು. ಖಾಲಿ ಇರದೆ ಏನು? ಆ ಕಡೆಯವರನ್ನೂ ಗೇಟು ತಡೆದಿತ್ತಲ್ಲ, ಬರುವವರು ಯಾರು? ಇಷ್ಟು ಸಣ್ಣ ಮಾತು ಅವನಿಗೆ ಬೇರೆ ದಿನ ಹೊಳೆಯುತ್ತಿತ್ತು. ಆತುರಗಾರನಿಗೆ ಬುದ್ಧಿ ಮಟ್ಟ.

ಅವನು ಬಲಕ್ಕೆ ಹೊರಳಿದ. ಟ್ರ್ಯಾಕ್ಟರನ್ನೂ ಅದರ ಮುಂದಿನವರನ್ನೂ ಹಿಂದೆ ಹಾಕಿ ಗೇಟಿನ ಕಂಬಕ್ಕೆ ಮುಖ ಕೊಟ್ಟು ನಿಂತ. ಗೇಟು ಕಾಯುವವನು ಅವನ ಗುರುತು ಹಿಡಿದು ಹತ್ತಿರ ಬಂದ. ಈ ಸಲ ನಗಲಿಲ್ಲ.

“ಹಿಂದಕ್ಕ ತಗೋ. ಆ ಕಡೆಯವ್ರು ಎಲ್ಲಿಂದ ಹಾಯ್ದು ಬರಬೇಕು?”

“ಮಣ್ಣಿಗೆ ಹೊಂಟೀವಿ. ನಂದೊಂದ ಗಾಡಿ. ಗೇಟ್ ತಗದ ಕೂಡ್ಲೆ ದಾಟಿ ಬಿಡ್ತೀನಿ.”

ಗೇಟಿನವನು ಅವನ ಬೆನ್ನ ಹಿಂದೆ ನೋಡಿದ. ಚಾಲಕ ತಿರುಗಿ ನೋಡಲಿಲ್ಲ. ಅಷ್ಟರಲ್ಲಿ ಅವನ ಹಿಂದೆ ಒಂದು ಜೀಪು ಬಂದು ನಿಂತಿತ್ತು. ಜೀಪಿನ ಹಿಂದೆ ಹಾಲಿನ ಗಾಡಿ, ಅದರ ಹಿಂದೆ ಬಸ್ಸು, ಬಸ್ಸಿನ ಹಿಂದೆ ಮತ್ತೆ ಯಾರುಯಾರೋ. ಹಳಿಯ ಆಚೆ ನಿಂತವರೂ ಇದನ್ನೆಲ್ಲ ನೋಡುತ್ತಿದ್ದರು. ಅವರಲ್ಲೊಬ್ಬ, ಇವರೇ ನುಗ್ಗುವುದಾದರೆ ನಾನೇಕೆ ಕಾಯಲಿ ಎಂದು ತನ್ನ ಕಾರನ್ನು ಹೊರಕ್ಕೆ ತೆಗೆದ. ಅವನ ಹಿಂದೆಯೂ ಬರುವವರು ಬಂದರು.

ರೈಲು ಹೋಯಿತು. ಗೇಟು ಎದ್ದಿತು. ಈ ಕಡೆ ಎರಡು ಸಾಲು, ಆ ಕಡೆ ಎರಡು ಸಾಲು, ಮದುವೆಯ ಬೀಗರ ಹಾಗೆ ಎದುರುಬದುರು ನಿಂತವು. ಮೊದಲು ಎಲ್ಲರೂ ಮುಂದಕ್ಕೆ ಒತ್ತಿದರು. ಆಮೇಲೆ ಎಲ್ಲರೂ ಹಾರ್ನ್ ಒತ್ತಿದರು. ಆಮೇಲೆ ಒಬ್ಬರನ್ನೊಬ್ಬರು ಬೈದರು. ನಮ್ಮ ಚಾಲಕನಿಗೆ ಬಾಯಿಪಾಠವಾಗಿದ್ದ ಮಾತುಗಳೆಲ್ಲ ಆ ದಿನ ಬೇರೆಯವರ ಬಾಯಲ್ಲಿದ್ದವು, ಮತ್ತು ಅವನ ಮೇಲೆಯೇ ಬೀಳುತ್ತಿದ್ದವು.

ಹಿಂದೆ ಸರಿದರಾಯಿತು ಎಂದುಕೊಂಡು ಇಳಿದ. ಬಾಟಲಿಯ ಬಿರಡೆಯ ಹಾಗೆ ತನ್ನ ಗಾಡಿಯೇ ಬಾಯಿಗೆ ಸಿಕ್ಕಿಕೊಂಡಿದೆ ಎಂಬುದು ಅವನಿಗೂ ಕಾಣುತ್ತಿತ್ತು. ಜೀಪಿನವನ ಹತ್ತಿರ ಹೋಗಿ, ಸ್ವಲ್ಪ ಹಿಂದಕ್ಕೆ ತೆಗೆದುಕೋ, ನಾನು ನನ್ನ ಸಾಲಿಗೆ ಹೋಗುತ್ತೇನೆ ಎಂದು ಬೇಡಿಕೊಂಡ. ಜೀಪಿನವನು ಸಿಟ್ಟು ಮಾಡಲಿಲ್ಲ. ದಣಿದ ದನಿಯಲ್ಲಿ ಇದ್ದದ್ದನ್ನು ಹೇಳಿದ.

“ನೀ ಮುಂದ ನಿಂತಿದ್ದಿ, ನಾವು ಹಿಂದ ನಿಂತ್ವಿ. ಇಲ್ಲಿ ಎರಡು ಸಾಲ ಅಂತ ತಿಳಿದ್ವಿ. ಈಗ ಹಿಂದಕ್ಕ ಹೋಗಂದ್ರ ಎಲ್ಲಿಗಿ ಹೋಗೂದು?”

ನಾವು ಮಣ್ಣಿಗೆ ಹೊರಟವರು ಎಂದು ಹೇಳಲು ಚಾಲಕ ಬಾಯಿ ತೆರೆದ. ಜೀಪಿನೊಳಗೆ ಒಬ್ಬ ಹೆಣ್ಣುಮಗಳು ಕೈಗೆ ಬಟ್ಟೆ ಸುತ್ತಿ ಎದೆಗೊತ್ತಿಕೊಂಡು ಕೂತಿದ್ದಳು. ಬಟ್ಟೆ ರಕ್ತದಲ್ಲಿ ನೆನೆದಿತ್ತು. ಕಬ್ಬು ಕಡಿಯುವಾಗ ಕುಡುಗೋಲು ತಾಗಿತ್ತಂತೆ. ಅವನು ಬಾಯಿ ಮುಚ್ಚಿಕೊಂಡ. ಹಾಲಿನವನಿಗೆ ಹಾಲು ಒಡೆಯುವ ಚಿಂತೆ, ಬಸ್ಸಿನವನಿಗೆ ಮುಂದಿನ ಊರಲ್ಲಿ ಕಾದ ಜನರ ಚಿಂತೆ. ಕಾರಣವಿಲ್ಲದೆ ಹೊರಳಿದವನು ಆ ಸಾಲಿನಲ್ಲಿ ಒಬ್ಬನೂ ಇರಲಿಲ್ಲ.

ತಿರುಗಿ ಬಂದು ನೋಡಿದರೆ ತಾಯಿ ಗಾಡಿಯಿಂದ ಇಳಿದಿದ್ದಳು. ಧೋತರವನ್ನು ಸೆರಗಿನಲ್ಲಿ ಹಿಡಿದುಕೊಂಡು, ಗಾಡಿಗಳ ಸಂದಿಯಲ್ಲಿ ಮೈ ಓರೆ ಮಾಡಿಕೊಂಡು ಹಳಿ ದಾಟುತ್ತಿದ್ದಳು. ಮೊಣಕಾಲು ನೋವಿನ ಮುದುಕಿ. ನಿಲ್ಲು ಅವ್ವ, ಈಗ ಬಿಡುತ್ತದೆ ಎಂದು ಅವನು ಕೂಗಿದ. ಹಾರ್ನಿನ ಗದ್ದಲದಲ್ಲಿ ಅವಳಿಗೆ ಕೇಳಿಸಿತೋ ಇಲ್ಲವೋ. ಅವಳ ಹಿಂದೆ ಓಡಬೇಕೆಂದರೆ ಗಾಡಿ ಬಿಡುವಂತಿಲ್ಲ. ಅವನ ಗಾಡಿ ಸರಿಯದ ಹೊರತು ಯಾರದೂ ಸರಿಯುವಂತಿರಲಿಲ್ಲ, ಅವನ ಹಿಂದಿನವರು ಸರಿಯದ ಹೊರತು ಅವನದು ಸರಿಯುವಂತಿರಲಿಲ್ಲ.

ಕೊನೆಗೆ ಗೇಟಿನವನೇ ಎರಡೂ ಕಡೆ ಓಡಾಡಿ, ಬಾಲದಿಂದ ಒಂದೊಂದೇ ಗಾಡಿಯನ್ನು ಹಿಂದಕ್ಕೆ ತೆಗೆಸಿದ. ಅಷ್ಟು ಹೊತ್ತಿಗೆ ಹೊತ್ತು ಮುಳುಗಿತ್ತು. ಚಾಲಕ ಹಳಿ ದಾಟಿದವನು ಎಲ್ಲೂ ನಿಲ್ಲದೆ ಗಾಡಿ ಬಿಟ್ಟ. ಮಾವನ ಊರು ಇನ್ನೂ ದೂರವಿರುವಾಗಲೇ, ಒಂದು ಸಣ್ಣ ಸೇತುವೆಯ ಕಟ್ಟೆಯ ಮೇಲೆ ತಾಯಿ ಕೂತಿದ್ದು ದೀಪದ ಬೆಳಕಿನಲ್ಲಿ ಕಂಡಿತು. ಮಣ್ಣು ಮುಗಿಸಿ ತಮ್ಮ ಊರಿಗೆ ಮರಳುತ್ತಿದ್ದ ಜನ ದಾರಿಯಲ್ಲಿ ಅವಳಿಗೆ ಸಿಕ್ಕಿದ್ದರು. ಹೊತ್ತು ನೆಲ ಮುಟ್ಟುವತನಕ ಕಾದೆವು, ಆಮೇಲೆ ಕಾಯುವಂತಿರಲಿಲ್ಲ ಎಂದು ಹೇಳಿ ಹೋಗಿದ್ದರು. ಧೋತರ ಅವಳ ಮಡಿಲಲ್ಲಿತ್ತು. ಮಡಿಕೆ ಬಿಚ್ಚಿರಲಿಲ್ಲ.

ಅವನು ಅವಳ ಕಾಲ ಹತ್ತಿರ ನೆಲದ ಮೇಲೆ ಕೂತ. ಆದದ್ದನ್ನು ಹೇಳಬೇಕು ಎಂದುಕೊಂಡೇ ಕೂತ. ಅವನು ಬಾಯಿ ತೆರೆಯುವ ಮೊದಲೇ ಅವಳು ಅವನ ತಲೆಯ ಮೇಲೆ ಕೈಯಿಟ್ಟಳು.

“ನೀ ಏನ ಮಾಡ್ತಿ, ತಮ್ಮಾ. ಗೇಟ್ ಹಾಕಿತ್ತು,” ಎಂದಳು.

ಗೇಟು ಹಾಕಿದ್ದು ಒಂದು ರೈಲು ಹೋಗುವಷ್ಟು ಹೊತ್ತು ಮಾತ್ರ. ಕಬ್ಬಿನ ಟ್ರ್ಯಾಕ್ಟರಿನ ಬಾಲ ಹಿಡಿದು ತೆವಳಿದ್ದರೂ ಬೆಳಕಿರುವಾಗಲೇ ಮುಟ್ಟುತ್ತಿದ್ದರು. ಅಣ್ಣನ ಮುಖದ ಮೇಲಿನ ಬಟ್ಟೆ ಸರಿಸಿ ತಂಗಿಗೆ ತೋರಿಸುತ್ತಿದ್ದರು. ಇದು ಅವನಿಗೆ ಗೊತ್ತಿತ್ತು. ಅವನು ಅಂದದ್ದು ಇಷ್ಟೇ: ಹೌದವ್ವ, ಗೇಟ್ ಹಾಕಿತ್ತು.

ಆಮೇಲೆ ಅವಳು ಇನ್ನೂ ಕೆಲವು ವರ್ಷ ಬದುಕಿದಳು. ಮನೆಗೆ ಯಾರು ಬಂದರೂ, ಕಡೆಗೂ ಅಣ್ಣನ ಮುಖ ಕಾಣಲಿಲ್ಲ, ಹಾಳು ಗೇಟು ಅಡ್ಡ ಬಂತು ಎಂದು ಹೇಳಿ ಕಣ್ಣೊರೆಸಿಕೊಳ್ಳುತ್ತಿದ್ದಳು. ನನ್ನ ಮಗ ಪಾಪ, ಗಾಡಿ ಹಾರಿಸಿಕೊಂಡು ಬಂದ ಎನ್ನುತ್ತಿದ್ದಳು. ಮಗ ಒಳಗಿದ್ದರೆ ಹೊರಗೆ ಹೋಗುತ್ತಿದ್ದ. ಹೊರಗಿದ್ದರೆ ಒಳಗೆ ಬರುತ್ತಿರಲಿಲ್ಲ. ಅವಳು ಬೈದಿದ್ದರೆ, ಶಪಿಸಿದ್ದರೆ ಅವನು ತಡೆದುಕೊಳ್ಳುತ್ತಿದ್ದ. ಆ ಪಾಪ ಎನ್ನುವ ಮಾತನ್ನು ತಡೆಯುವುದು ಅವನಿಂದ ಆಗುತ್ತಿರಲಿಲ್ಲ. ಇವತ್ತು ಹೇಳುತ್ತೇನೆ, ನಾಳೆ ಹೇಳುತ್ತೇನೆ ಎಂದುಕೊಳ್ಳುತ್ತಲೇ ಇದ್ದ. ಹೇಳುವ ಮೊದಲೇ ಅವಳೂ ಹೋದಳು.

ಅಜ್ಜಾರು ಅಲ್ಲಿಗೆ ಕತೆ ನಿಲ್ಲಿಸಿದರು.

ಚರಂತಯ್ಯನಿಗೆ ಆ ಚಾಲಕನ ಮೇಲೆ ಮರುಕ ಬಂದಿತ್ತು, ಅವನನ್ನು ಹೇಗಾದರೂ ಉಳಿಸಬೇಕು ಅನ್ನಿಸಿತ್ತು. ಹೊರಳಿದವನು ಅವನೊಬ್ಬನೇ ಅಲ್ಲವಲ್ಲ ಎಂದ. ಹಿಂದೆ ಬಂದವರೂ ತಪ್ಪಿದರು, ಎದುರಿನವರೂ ತಪ್ಪಿದರು, ರಸ್ತೆಗೆ ಗೆರೆ ಎಳೆಯಬೇಕಾದವರೂ ಎಳೆಯಲಿಲ್ಲ ಎಂದ. ಅಜ್ಜಾರು ಎಲ್ಲದಕ್ಕೂ ತಲೆಯಾಡಿಸಿದರು.

“ಹಾಗಾದರೆ ಹೇಳಿ ಅಜ್ಜಾರೇ, ಆ ರಸ್ತೆಯಲ್ಲಿ ನಿಜವಾಗಿ ಇದ್ದ ಸಾಲುಗಳು ಎಷ್ಟು?”

“ಅವನು ಹೊರಳುವವರೆಗೆ ಎರಡಿದ್ದವು ಚರಂತಯ್ಯ, ಹೋಗುವವರದೊಂದು, ಬರುವವರದೊಂದು, ಅವನು ಹೊರಳಿದ ಮೇಲೆ ಒಂದೂ ಇರಲಿಲ್ಲ.”