ಬಿಡ್ತು ಅನ್ನಿ

ಇದು ನಡೆದದ್ದು ಕಾರ್ತಿಕ ಮಾಸದ ಒಂದು ಗುರುವಾರ, ಬೆಳಗಿನ ಗಂಜಿ ಆದ ಮೇಲೆ.

ನದಿಯ ದಂಡೆಯಲ್ಲಿ ಒಂದು ಆಶ್ರಮ. ಮನಸ್ಸಿನ ಕಾಯಿಲೆಯವರನ್ನು ಸುತ್ತಲಿನ ಊರುಗಳಿಂದ ಅಲ್ಲಿಗೆ ಕರೆತರುತ್ತಿದ್ದರು. ಅವರನ್ನು ನೋಡುತ್ತಿದ್ದ ವೃದ್ಧ ಗುರುಗಳನ್ನು ಎಲ್ಲರೂ ಅಜ್ಜಯ್ಯ ಎನ್ನುತ್ತಿದ್ದರು. ಅವರ ಬಳಿ ಮೂರು ವರ್ಷದಿಂದ ಕಲಿಯುತ್ತಿದ್ದವನು ರುದ್ರಮುನಿ.

ಅಂದು ಅಂಗಳದಲ್ಲಿ ಒಂದು ಎತ್ತಿನ ಗಾಡಿ ಬಂದು ನಿಂತಿತ್ತು. ಕಾಟಣ್ಣನೆಂಬವನು ತನ್ನ ಅಕ್ಕ ಬೋರಕ್ಕನನ್ನು ಊರಿಗೆ ಕರೆದೊಯ್ಯಲು ಬಂದಿದ್ದ.

ಬೋರಕ್ಕ ಸೂಲಗಿತ್ತಿ. ಮೂವತ್ತು ವರ್ಷ ಊರಿನ ಹೆರಿಗೆಗಳನ್ನೆಲ್ಲ ಮಾಡಿಸಿದವಳು. ಆಷಾಢದಲ್ಲಿ ಸ್ವಂತ ಮಗಳ ಹೆರಿಗೆ. ಮಗಳು ಉಳಿದಳು, ಮಗು ಉಳಿಯಲಿಲ್ಲ. ಅಂದಿನಿಂದ ಬೋರಕ್ಕ ಅನ್ನ ಬಿಟ್ಟಳು, ಮಾತು ಬಿಟ್ಟಳು. ಆಶ್ರಮಕ್ಕೆ ಬಂದ ಮೇಲೂ ಗೋಡೆಗೆ ಮುಖ ಮಾಡಿ ಮಲಗಿದವಳು ಹತ್ತು ದಿನ ಏಳಲಿಲ್ಲ.

ಈಗ ಎದ್ದಿದ್ದಳು. ನಾಲ್ಕು ದಿನದಿಂದ ಉಣ್ಣುತ್ತಿದ್ದಳು, ಅಂಗಳ ಗುಡಿಸುತ್ತಿದ್ದಳು, ನಗುತ್ತಲೂ ಇದ್ದಳು.

"ಅವರ ಮನಸ್ಸು ಹೇಗಿದೆ ನೋಡಿ ಬಾ," ಎಂದರು ಅಜ್ಜಯ್ಯ. "ಊರಿಗೆ ಕಳಿಸಬಹುದೋ ಬೇಡವೋ, ಇವತ್ತು ನೀನೇ ಹೇಳು."

ಅಂಥ ಮಾತನ್ನು ಅವರು ರುದ್ರಮುನಿಗೆ ಹೇಳಿದ್ದು ಅದೇ ಮೊದಲು. ಅವನು ಸ್ಲೇಟು, ಬಳಪ ತೆಗೆದುಕೊಂಡು ಹೊರಟ. ಅವನ ಬಳಿ ಹನ್ನೆರಡು ಪ್ರಶ್ನೆಗಳ ಒಂದು ಪಟ್ಟಿ ಇತ್ತು. ಅವನೇ ಮಾಡಿಕೊಂಡದ್ದು. ಮಾಡು ಎಂದು ಅಜ್ಜಯ್ಯ ಹೇಳಿರಲಿಲ್ಲ, ಬೇಡ ಎಂದೂ ಹೇಳಿರಲಿಲ್ಲ.

ಅರ್ಧ ತಾಸಿಗೆ ಸ್ಲೇಟು ತುಂಬಿತು. ಬರುತ್ತ ದಾರಿಯಲ್ಲೇ ಅವನು ಕಾಟಣ್ಣನಿಗೆ ಹೇಳಿದ, "ಅಕ್ಕ ಹುಷಾರಾಗಿದ್ದಾರೆ. ಗಾಡಿ ಕಟ್ಟಿ."

ಅಜ್ಜಯ್ಯ ಜಗಲಿಯಲ್ಲಿ ಕೂತು ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದರು.

"ನೋಡಿದೆಯಾ?"

"ನೋಡಿದೆ ಅಜ್ಜಯ್ಯ. ಹನ್ನೆರಡಕ್ಕೆ ಹನ್ನೆರಡೂ ಸರಿ."

"ಓದು."

"ತಲೆ ಬಾಚಿದ್ದಾರೆ. ಒಗೆದ ಸೀರೆ ಉಟ್ಟಿದ್ದಾರೆ. ವಾರ ಗೊತ್ತು, ತಿಥಿ ಗೊತ್ತು, ತಾನು ಎಲ್ಲಿದ್ದೇನೆ ಅನ್ನೋದು ಗೊತ್ತು. ಮೂರು ವಸ್ತುಗಳ ಹೆಸರು ಹೇಳಿ, ಸ್ವಲ್ಪ ಹೊತ್ತು ಬಿಟ್ಟು ಕೇಳಿದೆ. ಮೂರನ್ನೂ ಹೇಳಿದರು."

"ಯಾವ ಮೂರು?"

"ಒರಳು, ಕೊಡೆ, ನಿಂಬೆಹಣ್ಣು. ಆಮೇಲೆ, ನೂರರಿಂದ ಏಳೇಳು ಕಳೆಯುತ್ತ ಬನ್ನಿ ಅಂದೆ."

"ಬಂದರಾ?"

"ಎಪ್ಪತ್ತೆರಡರವರೆಗೆ ಬಂದರು. ಅಲ್ಲಿ ನಿಲ್ಲಿಸಿ, 'ನಿನಗೆ ಬರುತ್ತಾ ಮಗಾ?' ಅಂತ ನನ್ನನ್ನೇ ಕೇಳಿದರು."

ಅಜ್ಜಯ್ಯ ನಕ್ಕರು. "ನಿನಗೆ ಬಂತಾ?"

"ಐವತ್ತೊಂದರ ಮುಂದೆ ತಪ್ಪಿದೆ."

"ಹೂಂ. ಮುಂದೆ."

"ಯಾರೂ ಇಲ್ಲದಾಗ ದನಿ ಕೇಳಿಸುತ್ತದಾ ಅಂದೆ. 'ನಿಮ್ಮ ಅಡುಗೆ ಸಿದ್ದವ್ವನ ಗೊರಕೆ ಕೇಳಿಸ್ತದೆ. ಅವಳಂತೂ ಇದ್ದಾಳಲ್ಲ' ಅಂದರು. ಯಾರ ಮೇಲೂ ಸಿಟ್ಟಿಲ್ಲ. ಮನಸ್ಸು ಹಗುರ ಅಂತಾರೆ. ಉದಾರ ಬುದ್ಧಿ ಬೇರೆ. ಸೂಲಗಿತ್ತಿ ಗಂಟನ್ನು ನಿನ್ನೆ ಸಿದ್ದವ್ವನಿಗೆ ಕೊಟ್ಟುಬಿಟ್ಟರಂತೆ."

ಹುಣಸೆಹಣ್ಣಿನ ಮೇಲೆ ಅಜ್ಜಯ್ಯನ ಕೈ ನಿಂತಿತು.

"ಆ ಗಂಟಿನಲ್ಲಿ ಏನಿತ್ತು?"

"ಕತ್ತರಿ, ಹರಳೆಣ್ಣೆ ಕುಡಿಕೆ, ಮೆತ್ತನೆ ಹಳೆ ಬಟ್ಟೆ. ಮೂವತ್ತು ವರ್ಷದ್ದಂತೆ."

"ಯಾಕೆ ಕೊಟ್ಟರು?"

"ಇನ್ನು ಬೇಡ ಅಂದರಂತೆ. ವಯಸ್ಸಾಯಿತು, ಆ ಕೆಲಸ ಬಿಡ್ತಾರೇನೋ."

"ಏನೋ ಅಂದರೆ? ಕೇಳಿದೆಯಾ?"

"ಅದು ಪಟ್ಟಿಯಲ್ಲಿ ಇರಲಿಲ್ಲ ಅಜ್ಜಯ್ಯ."

ಅಜ್ಜಯ್ಯ ಕೈ ಚಾಚಿ ಸ್ಲೇಟು ತೆಗೆದುಕೊಂಡರು. ಮೇಲಿನಿಂದ ಕೆಳಗಿನವರೆಗೆ ನೋಡಿದರು. ತಿರುಗಿಸಿ ಹಿಂದೆಯೂ ನೋಡಿದರು.

"ಇದರಲ್ಲಿ ಅವರು ಹೇಳಿದ್ದು ಇದೆ. ನೀನು ಹೇಳಿದ್ದು ಎಲ್ಲಿ?"

"ನನ್ನ ಮಾತು ಯಾಕೆ? ನೋಡಬೇಕಾಗಿದ್ದು ಅವರ ಮನಸ್ಸಲ್ಲವಾ?"

"ಅಂಬಿಗ ಗಳ ಇಳಿಸಿ ಹೊಳೆಯ ಆಳ ನೋಡ್ತಾನೆ. ಗಳ ಎಷ್ಟುದ್ದ ಅಂತ ಗೊತ್ತಿಲ್ಲದೆ ಆಳ ಹೇಳ್ತಾನಾ?"

ರುದ್ರಮುನಿ ಜಗಲಿಯ ಅಂಚಿನಲ್ಲಿ ಕೂತ.

"ಏಳು. ಇಲ್ಲಿ ಬಂದು ಕೂತುಕೊ. ಈಗ ನೀನು ಬೋರಕ್ಕ. ನಾನು ರುದ್ರಮುನಿ."

ಅಜ್ಜಯ್ಯ ಸ್ಲೇಟನ್ನು ತೊಡೆಯ ಮೇಲಿಟ್ಟುಕೊಂಡರು. ಬೆನ್ನು ನೆಟ್ಟಗೆ ಮಾಡಿದರು. ಗಂಟಲು ಸರಿಮಾಡಿಕೊಂಡರು, ಒಂದಲ್ಲ, ಎರಡು ಸಲ. ತಾನು ಹಾಗೆ ಮಾಡುತ್ತೇನೆಂಬುದು ರುದ್ರಮುನಿಗೆ ಅಲ್ಲಿಯವರೆಗೆ ಗೊತ್ತಿರಲಿಲ್ಲ.

"ಇವತ್ತು ಯಾವ ವಾರ ಬೋರಕ್ಕ?"

"ಗುರುವಾರ."

ಅಜ್ಜಯ್ಯ ತಲೆ ತಗ್ಗಿಸಿ ಬರೆದರು. ಬರೆಯುತ್ತಲೇ ಇದ್ದರು. ಎದುರಿಗೆ ಕೂತ ರುದ್ರಮುನಿಗೆ ಅವರ ನೆತ್ತಿ ಮಾತ್ರ ಕಾಣುತ್ತಿತ್ತು.

"ಅಜ್ಜಯ್ಯ, ನಾನು ಇಷ್ಟು ಹೊತ್ತು ಕೆಳಗೆ ನೋಡ್ತೀನಾ?"

"ನಾನು ಅಜ್ಜಯ್ಯ ಅಲ್ಲ. ಎರಡನೇ ಪ್ರಶ್ನೆ, ಬೋರಕ್ಕ."

ಎರಡಾಯಿತು, ಮೂರಾಯಿತು. ರುದ್ರಮುನಿಗೆ ನೆನಪು ಚೆನ್ನಾಗಿತ್ತು. ಅವಳ ಮಾತನ್ನು ಅವಳು ಹೇಳಿದ ಹಾಗೇ ಹೇಳುತ್ತ ಹೋದ.

"ನಾಲ್ಕು. ಮಗಳ ನೆನಪಾದರೆ ಏನನ್ನಿಸುತ್ತದೆ?"

ಬೆಳಿಗ್ಗೆ ಈ ಪ್ರಶ್ನೆಗೆ ಬೋರಕ್ಕ ಅಂಗೈ ನೋಡಿಕೊಂಡಿದ್ದಳು. ರುದ್ರಮುನಿಯೂ ತನ್ನ ಅಂಗೈ ನೋಡಿಕೊಂಡ.

"ಈ ಕೈಯಲ್ಲೇ ಆಗಿದ್ದು. ಈ ಕೈ ಇದ್ದು ಏನು ಮಾಡಬೇಕು? ಒಂದೊಂದು ಸಲ ಅನ್ನಿಸ್ತದೆ ಮಗಾ, ನಾನೂ..."

ಅವನು ನಿಲ್ಲಿಸಿದ.

"ನಾನೂ?" ಎಂದರು ಅಜ್ಜಯ್ಯ.

"ಅಷ್ಟೇ. ಅಲ್ಲಿಗೆ ನಿಂತರು."

"ಅವರಾಗಿಯೇ ನಿಂತರಾ?"

ರುದ್ರಮುನಿ ಯೋಚಿಸಿದ.

"ಇಲ್ಲ. ನಡುವೆ ನಾನೊಂದು ಮಾತಂದೆ."

"ಏನಂದೆ?"

"'ಬಿಡ್ತು ಅನ್ನಿ' ಅಂದೆ."

ಅದನ್ನು ಅವನು ಯಾವ ಗುರುವಿನಿಂದಲೂ ಕಲಿತಿರಲಿಲ್ಲ, ತಾಯಿಯಿಂದ ಕಲಿತಿದ್ದ. ಯಾರಾದರೂ ಬಾಯಿತಪ್ಪಿ ಸಾವಿನ ಮಾತಾಡಿದರೆ ಪಕ್ಕದಲ್ಲಿದ್ದವರು ತಡೆಯುತ್ತಾರೆ: ಬಿಡ್ತು ಅನ್ನು. ಆಡಿದವರು 'ಬಿಡ್ತು' ಅನ್ನುತ್ತಾರೆ. ಕೆಟ್ಟದ್ದು ಅಲ್ಲಿಗೆ ಬಿಟ್ಟುಹೋಯಿತು ಎಂದು ಲೆಕ್ಕ. ಎಲ್ಲ ಮನೆಯಲ್ಲೂ ಇರುವ ಮಾತು. ಸ್ಲೇಟಿನಲ್ಲಿ ಬರೆಯುವಂಥದ್ದೆಂದು ಅವನಿಗೆ ಹೊಳೆದಿರಲಿಲ್ಲ.

"ಆ ಮಾತನ್ನು ಇನ್ನೊಮ್ಮೆ ಹೇಳಿ ಬೋರಕ್ಕ," ಎಂದರು ಅಜ್ಜಯ್ಯ.

"ಒಂದೊಂದು ಸಲ ಅನ್ನಿಸ್ತದೆ ಮಗಾ, ನಾನೂ..."

"ಅಯ್ಯೋ, ಬಿಡ್ತು ಅನ್ನಿ!"

ದನಿ ಥೇಟ್ ರುದ್ರಮುನಿಯದೇ. ಅದರಲ್ಲಿ ಪ್ರೀತಿಯೂ ಇತ್ತು, ಗಾಬರಿಯೂ ಇತ್ತು.

"ಬಿಡ್ತು," ಎಂದ ರುದ್ರಮುನಿ.

ಅಜ್ಜಯ್ಯ ಕಾದರು.

"ಹೇಳಿ ಬೋರಕ್ಕ. ಏನೋ ಹೇಳುತ್ತಿದ್ದಿರಿ."

ರುದ್ರಮುನಿ ಬಾಯಿ ತೆರೆದ. ಬಿಡ್ತು ಎಂದು ತಾನೇ ಅಂದ ಮೇಲೆ ಮತ್ತೆ ಅಲ್ಲಿಗೆ ಹೋಗುವುದು ಹೇಗೆ? ಎದುರಿಗಿದ್ದವರು ಆಗಲೇ ಬಳಪ ಹಿಡಿದು ಮುಂದಿನ ಪ್ರಶ್ನೆಗೆ ಸಿದ್ಧರಾಗಿದ್ದರು.

"ಏನಿಲ್ಲ," ಎಂದ. "ಈಗ ಮನಸ್ಸು ಹಗುರ ಆಗಿದೆ."

"ಇದು ಅವರು ಹೇಳಿದ್ದಾ, ನೀನು ಹೇಳಿದ್ದಾ?"

"ಅವರು ಹೇಳಿದ್ದೇ. ಆದರೆ..."

"ಆದರೆ?"

"ಅವರು ಹೇಳದೆ ಇದ್ದಿದ್ದರೂ ನಾನು ಅದನ್ನೇ ಹೇಳ್ತಿದ್ದೆ ಅಜ್ಜಯ್ಯ. ಬೇರೇನೂ ಹೇಳೋ ಹಾಗಿರಲಿಲ್ಲ."

ಅಜ್ಜಯ್ಯ ಸ್ಲೇಟನ್ನು ಅವನ ಮುಂದಿಟ್ಟರು.

"ಇದು ನಾಲ್ಕನೇ ಪ್ರಶ್ನೆ. ಉಳಿದ ಎಂಟಕ್ಕೆ ಉತ್ತರ ಕೊಟ್ಟವರು ಯಾರು?"

ರುದ್ರಮುನಿ ಎಂಟನ್ನೂ ಒಂದೊಂದಾಗಿ ಓದಿದ. ಗೊರಕೆಯ ಮಾತು. ಏಳರ ಲೆಕ್ಕ. ಸಿಟ್ಟಿಲ್ಲ. ಹಗುರ.

"ನನ್ನನ್ನು ಹೆದರಿಸಬಾರದು ಅಂತ ಕೂತವರು," ಎಂದ.

ಅಂಗಳದಲ್ಲಿ ಎತ್ತಿನ ಕೊರಳ ಗಂಟೆ ಅಲುಗಿತು. ಕಾಟಣ್ಣ ನೊಗ ಎತ್ತುತ್ತಿದ್ದ.

"ಹೋಗಿ ಕೇಳಲಾ? ಇಲ್ಲದ ಯೋಚನೆಯನ್ನು ನಾನೇ ತಲೆಗೆ ಹಾಕಿದ ಹಾಗಾಗಲ್ವಾ?"

"ಹೆರಿಗೆ ಮನೆಯಲ್ಲಿ ಬೋರಕ್ಕ 'ನೋವು ಬರ್ತಿದೆಯಾ' ಅಂತ ಕೇಳ್ತಾರೆ. ಕೇಳಿದ್ದಕ್ಕೆ ನೋವು ಬರ್ತದಾ?"

"ಹೇಗೆ ಕೇಳಲಿ?"

"ಹಸಿವಾಗಿದೆಯಾ ಅಂತ ಹೇಗೆ ಕೇಳ್ತೀಯೋ ಹಾಗೆ."

"ಹೌದು ಅಂದುಬಿಟ್ಟರೆ?"

"ಎದ್ದು ಬರಬೇಡ."

ರುದ್ರಮುನಿ ಸ್ಲೇಟಿಗೆ ಕೈ ಹಾಕಿದ. ಅಜ್ಜಯ್ಯ ಅದನ್ನು ಹುಣಸೆಬೀಜದ ಮೊರದ ಕೆಳಗೆ ಸರಿಸಿದರು.

ಬೋರಕ್ಕ ಆಗಲೇ ಗಾಡಿ ಹತ್ತಿ ಕೂತಿದ್ದಳು.

"ಬಿಸಿಲೇರೋದ್ರೊಳಗೆ ಹೊಳೆ ದಾಟಬೇಕು ಸ್ವಾಮಿ," ಎಂದ ಕಾಟಣ್ಣ. "ಅಪ್ಪಣೆ ಕೊಡಿ."

"ಕಾಟಣ್ಣ, ಎತ್ತುಗಳಿಗೆ ನೀರು ಕುಡಿಸಿಕೊಂಡು ಬನ್ನಿ."

"ಕುಡಿದಾವೆ."

"ಇನ್ನೊಂದು ಸಲ ಕುಡಿಸಿ."

ಕಾಟಣ್ಣ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದ. "ಇವರನ್ನ ನೋಡೋರು ಯಾರೋ," ಎಂದು ಗೊಣಗುತ್ತ ಎತ್ತು ಬಿಚ್ಚಿಕೊಂಡು ಹೋದ.

ರುದ್ರಮುನಿ ಗಾಡಿಯ ಹಿಂಬದಿಯಲ್ಲಿ ಬೋರಕ್ಕನ ಪಕ್ಕ ಕೂತ.

"ಇನ್ನೂ ಲೆಕ್ಕ ಉಳಿದಿದೆಯಾ ಮಗಾ?"

"ಲೆಕ್ಕ ಅಲ್ಲ. ಬೆಳಿಗ್ಗೆ ನೀವು ಏನೋ ಹೇಳಕ್ಕೆ ಶುರು ಮಾಡಿದಿರಿ. ನಾನು ಬಾಯಿ ಮುಚ್ಚಿಸಿದೆ."

ಅವಳ ಮುಖದ ನಗು ಹಾಗೇ ಇತ್ತು. ಕಣ್ಣು ಮಾತ್ರ ಹೊಳೆಯ ಕಡೆ ಹೋಯಿತು.

"ಬೋರಕ್ಕ, ಸತ್ತುಹೋಗಬೇಕು ಅನ್ನಿಸ್ತಿದೆಯಾ?"

ಹಸಿವನ್ನು ಕೇಳುವ ದನಿಯಾಗಲಿಲ್ಲ ಅದು. ನಡುವೆ ಒಡೆಯಿತು. ಆದರೂ ಮಾತು ಪೂರ್ತಿ ಹೊರಗೆ ಬಂತು.

ಬೇವಿನ ಮರದಲ್ಲಿ ಒಂದು ಅಳಿಲು ಕೂಗುತ್ತಿತ್ತು. ಅದು ಕೂಗುತ್ತಲೇ ಇತ್ತು.

"ಕೇಳಕ್ಕೆ ಇಷ್ಟು ದಿನ ಬೇಕಾಯ್ತಾ ನಿಮಗೆ?" ಎಂದಳು ಬೋರಕ್ಕ.

"ಅನ್ನಿಸ್ತಿದೆಯಾ?"

"ಹೂಂ."

"ಯಾವಾಗಿನಿಂದ?"

"ಆವತ್ತಿನಿಂದ. ನಿಶ್ಚಯ ಆಗಿದ್ದು ಮೊನ್ನೆ ಭಾನುವಾರ. ಊರಿಗೆ ಹೋದ ಮೇಲೆ ಅಂದ್ಕೊಂಡೆ. ಇಲ್ಲಾದರೆ ಅಜ್ಜಯ್ಯನಿಗೆ ಕೆಟ್ಟ ಹೆಸರು. ನಿಶ್ಚಯ ಆದ ಮೇಲೆ ಅನ್ನ ಸೇರ್ತು ಮಗಾ. ನಿದ್ದೆ ಬಂತು."

ಭಾನುವಾರದಿಂದ ನಾಲ್ಕು ದಿನ. ಉಂಡದ್ದು, ಗುಡಿಸಿದ್ದು, ನಕ್ಕದ್ದು.

"ಗಂಟು ಕೊಟ್ಟಿದ್ದು ಅದಕ್ಕಾ?"

"ಒಳ್ಳೆ ಕತ್ತರಿ. ತುಕ್ಕು ಹಿಡಿಸೋದ್ಯಾಕೆ?"

ರುದ್ರಮುನಿಯ ಗಂಟಲಿಗೆ ಆ ಹಳೆಯ ಮಾತು ಬಂತು. ನುಂಗಿಕೊಂಡ. ಕೂತಿದ್ದ.

ಆಮೇಲೆ ಬೋರಕ್ಕ ಮಗುವಿನ ಮಾತು ತೆಗೆದಳು. ಗಂಡು ಮಗು. ಕಿವಿ ಮಗಳದ್ದೇ. ಬೆನ್ನು ತಟ್ಟಿದಳು, ಬಾಯಿ ಒರೆಸಿದಳು, ಮತ್ತೆ ತಟ್ಟಿದಳು. ಎಷ್ಟು ಹೊತ್ತು ತಟ್ಟಿದಳೆಂಬುದು ಯಾರಿಗೂ ಗೊತ್ತಿಲ್ಲ, ಯಾರೂ ಕೇಳಿರಲಿಲ್ಲ. ಕೊನೆಗೆ ಮಗಳೇ "ಬಿಡವ್ವ" ಅಂದಳಂತೆ. ಆಮೇಲೆ ಮಗಳು ಅವಳ ಹತ್ತಿರ ಮಾತಾಡಿಲ್ಲ.

ಅಷ್ಟನ್ನು ಅವಳು ಅಳದೆ ಹೇಳಿದಳು. ಹೇಳಿ ಮುಗಿಸಿ ಅತ್ತಳು.

ಕಾಟಣ್ಣ ಎತ್ತು ಹೊಡೆದುಕೊಂಡು ಬಂದ. ಅಕ್ಕನ ಮುಖ ನೋಡಿ ಅಲ್ಲೇ ನಿಂತ. ರುದ್ರಮುನಿ ಗಾಡಿಯಿಂದ ಇಳಿದು ಎರಡು ಹೆಜ್ಜೆ ಮುಂದೆ ಬಂದ.

"ಬೋರಕ್ಕ ಇವತ್ತು ಊರಿಗೆ ಬರಲ್ಲ ಕಾಟಣ್ಣ."

"ಹುಷಾರಾಗಿದ್ದಾರೆ ಅಂದೋರು ನೀವೇ ಅಲ್ವಾ?"

"ತಪ್ಪು ಹೇಳಿದೆ. ಅವರಿಗೆ ಸಾಯಬೇಕು ಅನ್ನಿಸ್ತಿದೆ."

"ಬಿಡ್ತು ಅನ್ನಿ ಸ್ವಾಮಿ!"

ರುದ್ರಮುನಿ ಅನ್ನಲಿಲ್ಲ.

ಕಾಟಣ್ಣ ಅವನು ಅನ್ನಲೆಂದು ಕಾದ. ಆಮೇಲೆ ಅಕ್ಕನ ಕಡೆ ನೋಡಿದ. "ಹೌದೇನೇ ಅಕ್ಕ?"

"ಹೌದು ಕಣೋ," ಎಂದಳು ಬೋರಕ್ಕ. ತಾನಾಗಿಯೇ ಗಾಡಿ ಇಳಿದಳು. "ನೀನು ಊರಿಗೆ ಹೋಗು. ನನ್ನ ಮಗಳನ್ನ ಕರ್ಕೊಂಡು ಬಾ."

"ಬರಲ್ಲ ಅಂದ್ರೆ?"

"ಬರಲ್ಲ ಅಂದಳು ಅಂತ ಬಂದು ಹೇಳು. ಏನೂ ಹೇಳದೆ ಮಾತ್ರ ಇರಬೇಡ."

ಗಾಡಿ ಖಾಲಿ ಹೊರಟಿತು. ನದಿಯ ಇಳಿಜಾರಿನಲ್ಲಿ ಕಾಟಣ್ಣ ಮೂರು ಸಲ ಹಿಂತಿರುಗಿ ನೋಡಿದ.

ಮಧ್ಯಾಹ್ನ ರುದ್ರಮುನಿ ಜಗಲಿಗೆ ಬಂದಾಗ ಅಜ್ಜಯ್ಯ ಬಿಡಿಸಿದ ಹುಣಸೆಹಣ್ಣನ್ನು ಉಂಡೆ ಕಟ್ಟುತ್ತಿದ್ದರು. ನಡೆದದ್ದನ್ನು ಅವನು ಹೇಳಿದ. ಈ ಸಲ ತನ್ನ ಮಾತನ್ನೂ ಸೇರಿಸಿ ಹೇಳಿದ, ದನಿ ಒಡೆದದ್ದನ್ನೂ ಬಿಡಲಿಲ್ಲ.

"ಊಟ?"

"ಅರ್ಧ ಉಂಡರು. ನಿನ್ನೆ ಪೂರ್ತಿ ಉಂಡಿದ್ದರು."

"ಇವತ್ತಿನ ಅರ್ಧ ಮೇಲು. ಜೊತೆಗೆ ಯಾರಿದ್ದಾರೆ?"

"ಸಿದ್ದವ್ವ. ಆಮೇಲೆ ನಾನು ಹೋಗ್ತೀನಿ. ಮಗಳು ಬರೋವರೆಗೂ ಒಬ್ಬರನ್ನೇ ಬಿಡಲ್ಲ."

"ಬಂದ ಮೇಲೂ."

"ಆಗಲಿ ಅಜ್ಜಯ್ಯ."

ರುದ್ರಮುನಿ ಮೊರದ ಪಕ್ಕ ಕೂತು ತಾನೂ ಒಂದು ಉಂಡೆ ಕಟ್ಟಿದ. ಅವನ ತಲೆಯಲ್ಲಿ ಬೆಳಗಿನಿಂದ ಒಂದು ಪ್ರಶ್ನೆ ಸುತ್ತುತ್ತಿತ್ತು. ಅದು ಯಾವ ಪಟ್ಟಿಯಲ್ಲೂ ಇರಲಿಲ್ಲ.

"ನಾನು ತಡೆದ ಮಾತು ಸ್ಲೇಟಿನಲ್ಲಿ ಇರಲಿಲ್ಲ. ಅಲ್ಲೇನೋ ಇದೆ ಅಂತ ನಿಮಗೆ ಹೇಗೆ ಗೊತ್ತಾಯ್ತು?"

ಅಜ್ಜಯ್ಯ ಇನ್ನೊಂದು ಉಂಡೆ ಕಟ್ಟಿ ಪಕ್ಕಕ್ಕಿಟ್ಟರು.

"ನೀವೂ ಯಾರಿಗಾದರೂ 'ಬಿಡ್ತು ಅನ್ನಿ' ಅಂದಿದ್ದಿರಾ?"

"ಅಂದಿದ್ದೆ."

"ಎಷ್ಟು ಜನಕ್ಕೆ?"

ಅಜ್ಜಯ್ಯ ಕೈಗೆ ಅಂಟಿದ ಹುಣಸೆಯನ್ನು ಒಂದೊಂದು ಬೆರಳಿನಿಂದಲೂ ಒರೆಸಿಕೊಂಡರು.

"ಮೂವರಿಗೆ. ಅವರಲ್ಲಿ ಈಗ ಬದುಕಿರುವವರು ಇಬ್ಬರು."