ಹಗ್ಗ ಹಿಡಿದವನ ತುತ್ತು

ಈ ಕತೆಯನ್ನು ನನಗೆ ಮೊದಲು ಹೇಳಿದವರು ನಮ್ಮೂರ ಶಾಲೆಯ ಮೇಷ್ಟ್ರು ರುದ್ರಮುನಿಯಪ್ಪನವರು. ಅವರು ಚಿಕ್ಕಂದಿನಲ್ಲಿ ಕಾಡಂಚಿನ ಒಂದು ಮಠದಲ್ಲಿ ಉಂಡು ಓದಿದವರು. ಅಲ್ಲಿ ಕೇಳಿದ್ದನ್ನು ನಮಗೆ ಹೇಳಿದರು. ನನಗೆ ನೆನಪಿದ್ದಷ್ಟನ್ನು ಬರೆದಿದ್ದೇನೆ. ತಪ್ಪಿದ್ದರೆ ಅದು ನನ್ನದು, ಅವರದಲ್ಲ.

ಆ ಮಠದಲ್ಲಿ ಗುರುಪಾದ ಎಂಬ ಶಿಷ್ಯನಿದ್ದ. ದಿನವೂ ಬೆಳಿಗ್ಗೆ ಜೋಳಿಗೆ ಹೊತ್ತು, ಇನ್ನೂ ಮೂವರ ಜೊತೆ ಐದು ಊರು ತಿರುಗಿ ಭಿಕ್ಷೆ ತರುವುದು ಅವನ ಕೆಲಸ. ಸಿದ್ಧಮಲ್ಲ ಎಂಬವನು ಮಾತ್ರ ಮಠದಲ್ಲೇ ಉಳಿದು ದಾಸೋಹದ ಒಲೆ ಆರದಂತೆ ನೋಡಿಕೊಳ್ಳುತ್ತಿದ್ದ. ಮಧ್ಯಾಹ್ನ ಎಲ್ಲರೂ ಪಂಕ್ತಿಯಲ್ಲಿ ಕುಳಿತಾಗ ಗುರುಗಳು ಮೊದಲ ತುತ್ತನ್ನು ಆ ಸಿದ್ಧಮಲ್ಲನ ಎಲೆಗೇ ಹಾಕುತ್ತಿದ್ದರು. ಗುರುಪಾದ ಇದನ್ನು ಎರಡು ತಿಂಗಳು ನೋಡಿದ. ಮೂರನೆಯ ತಿಂಗಳಲ್ಲಿ ಒಂದು ದಿನ ಉಂಡೆದ್ದವನೇ ಕಂಬಳಿ ಸುತ್ತಿ ಕಂಕುಳಲ್ಲಿಟ್ಟುಕೊಂಡ. ಬೇರೆ ಮಠ ಹುಡುಕಿಕೊಂಡು ಹೋಗುವುದೆಂದು ಮನಸ್ಸು ಮಾಡಿದ್ದ. ಹೇಳದೆ ಹೋಗಬಾರದೆಂದು ಗುರುಗಳ ಮುಂದೆ ಬಂದು ನಿಂತ.

“ಬುದ್ಧೀ, ಬಿಸಿಲಲ್ಲಿ ಕಾಲು ಸುಟ್ಟುಕೊಂಡು ತರುವವರು ನಾವು. ನೆರಳಲ್ಲಿ ಕೂತವನಿಗೆ ಮೊದಲ ತುತ್ತು ಯಾಕೆ?”

ಗುರುಗಳು ಅವನ ಕಂಕುಳಲ್ಲಿದ್ದ ಕಂಬಳಿಯನ್ನು ನೋಡಿದರು. ಅದರ ಮಾತು ಎತ್ತಲಿಲ್ಲ. ಕೂರು ಎಂದರು. ಅವನು ಕುಳಿತ ಮೇಲೆ ಈ ಕತೆ ಹೇಳಿದರು.

ಒಬ್ಬ ಜೇನು ಕೀಳುವವನಿದ್ದ. ಕಡಿದಾದ ಬಂಡೆಯ ಮೇಲಿಂದ ಹಗ್ಗದಲ್ಲಿ ಇಳಿದು, ಹೊಗೆ ಹಾಕಿ, ಹೆಜ್ಜೇನು ಕೀಳುವುದು ಅವನ ಕಸುಬು. ಮೇಲೆ ಹಗ್ಗ ಹಿಡಿದು ಕೂರಲು ಇನ್ನೊಬ್ಬ ಬೇಕು. ಜೇನು ಕೀಳುವ ಜನರಲ್ಲಿ ಒಂದು ಕಟ್ಟಳೆಯಿದೆ. ಹಗ್ಗವನ್ನು ಅಣ್ಣತಮ್ಮಂದಿರ ಕೈಗೆ ಕೊಡುವುದಿಲ್ಲ, ಗೆಳೆಯರ ಕೈಗೂ ಕೊಡುವುದಿಲ್ಲ. ಹೆಂಡತಿಯ ತಮ್ಮನ ಕೈಗೆ ಕೊಡುತ್ತಾರೆ. ಎಂಥ ಜಗಳವಿದ್ದರೂ ತನ್ನ ಅಕ್ಕನ ಹಣೆಯ ಕುಂಕುಮ ಅಳಿಸುವ ಕೆಲಸವನ್ನು ಅವನು ಮಾಡಲಾರ ಎಂಬ ನಂಬಿಕೆ. ಇನ್ನೊಂದು ಕಟ್ಟಳೆಯೂ ಇದೆ. ಇಳಿದವನು ಮೇಲೆ ಬಂದ ಕೂಡಲೇ ಜೇನುಹುಟ್ಟಿನ ಮೊದಲ ತುಂಡು ಮುರಿದು ಹಗ್ಗ ಹಿಡಿದವನ ಬಾಯಿಗೆ ಇಡಬೇಕು. ಆಮೇಲೆಯೇ ತಾನು ತಿನ್ನಬೇಕು.

ಅವನೂ ಅವನ ಭಾವಮೈದುನನೂ ಹಾಗೆ ಎಷ್ಟೋ ವರ್ಷ ನಡೆಸಿಕೊಂಡು ಬಂದರು. ಒಂದು ವರ್ಷ ಜೇನು ಸಿಟ್ಟಾಗಿ ಎದ್ದಿತು. ಇಳಿದವನ ಮುಖ, ಕುತ್ತಿಗೆ, ಕೈ ಎಲ್ಲ ಊದಿತು. ಉಸಿರು ಬಿಗಿಹಿಡಿದು ಹೇಗೋ ಮೇಲೆ ಬಂದ. ನೋಡಿದರೆ ಭಾವಮೈದುನ ಬಂಡೆಗೆ ಕಾಲು ಒತ್ತಿ, ಎಲೆಯಡಿಕೆ ಮೆಲ್ಲುತ್ತಾ ಕುಳಿತಿದ್ದಾನೆ. ಜೇನು ಕೀಳುವವನಿಗೆ ಹೊಟ್ಟೆ ಉರಿಯಿತು. ಕಚ್ಚಿಸಿಕೊಂಡವನು ನಾನು, ಕೂತು ತಿನ್ನುವವನು ಇವನು ಎಂದುಕೊಂಡ. ಮೊದಲ ತುಂಡು ಮುರಿದು ತನ್ನ ಬಾಯಿಗೇ ಹಾಕಿಕೊಂಡ.

ಭಾವಮೈದುನ ಆ ಕೈಯನ್ನು ನೋಡಿದ. ಆಗಲಿ ಭಾವ ಎಂದಷ್ಟೇ ಹೇಳಿದ. ಹಗ್ಗ ಸುತ್ತಿ ಹೆಗಲಿಗೆ ಹಾಕಿಕೊಂಡು, ಬೆಟ್ಟದ ಆಚೆಗಿದ್ದ ತನ್ನ ಹಾಡಿಗೆ ನಡೆದುಬಿಟ್ಟ.

ಮೂರು ದಿನ ಕಾದರೂ ಅವನು ಬರಲಿಲ್ಲ. ದೊಡ್ಡ ಬಂಡೆಯಲ್ಲಿ ಇನ್ನೂ ನಾಲ್ಕು ಹುಟ್ಟು ಉಳಿದಿದ್ದವು. ಮಳೆ ಹಿಡಿದರೆ ಜೇನು ಎದ್ದು ಹೋಗುತ್ತದೆ. ನಾಲ್ಕನೆಯ ದಿನ ಜೇನು ಕೀಳುವವನು ಅಟ್ಟದಿಂದ ಹೋದ ವರ್ಷದ ಹಳೆಯ ಹಗ್ಗ ತೆಗೆದ. ಹೆಂಡತಿ ಬಾಗಿಲಿಗೆ ಅಡ್ಡ ನಿಂತಳು. ಹಗ್ಗ ಹಿಡಿಯುವವರು ಯಾರು ಎಂದು ಕೇಳಿದಳು.

“ಬಂಡೆಯ ಮೇಲೆ ಮತ್ತಿಮರವಿದೆ, ಅದಕ್ಕೆ ಕಟ್ಟುತ್ತೇನೆ. ಮರ ಮುನಿಸಿಕೊಳ್ಳುವುದಿಲ್ಲ, ಮೊದಲ ತುಂಡನ್ನೂ ಕೇಳುವುದಿಲ್ಲ.”

“ಮರಕ್ಕೆ ಅಕ್ಕ ಇಲ್ಲ,” ಎಂದಳು ಅವಳು.

ಅವನು ಕಿವಿಗೆ ಹಾಕಿಕೊಳ್ಳದೆ ಹೊರಟ. ಬಂಡೆಯ ಮೇಲೆ ಹೋಗಿ ಮರಕ್ಕೆ ಹಗ್ಗ ಬಿಗಿದ. ಆದರೆ ಗಾಳಿ ಬೀಸುತ್ತಿತ್ತು, ಹೊಗೆ ನಿಲ್ಲುತ್ತಿರಲಿಲ್ಲ. ಗಾಳಿ ಇಳಿಯಲಿ ಎಂದು ಕುಳಿತ.

ಎದುರಿನ ಹಳ್ಳದ ಆಚೆ ದಡದಲ್ಲಿ ಕಲ್ಲುಗಳ ಸಂದಿನಲ್ಲಿ ಸೀಳುನಾಯಿಗಳು ಮರಿ ಹಾಕಿದ್ದವು. ಅವನು ಕುಳಿತ ಹೊತ್ತಿಗೆ ಅವು ಬೇಟೆಗೆ ಹೊರಡುತ್ತಿದ್ದವು. ಒಂದರ ಮೂತಿಗೆ ಒಂದು ಮೂತಿ ಉಜ್ಜಿ, ಬಾಲ ಆಡಿಸಿ, ಸುತ್ತು ಹಾಕಿದವು. ಆಮೇಲೆ ಎಂಟು ನಾಯಿ ಸಾಲಾಗಿ ಕಾಡಿಗೆ ಇಳಿದವು. ಒಂದು ಮಾತ್ರ ಹಿಂದೆ ಉಳಿಯಿತು.

ಕುಂಟೋ ಮುದಿಯೋ ಇರಬೇಕೆಂದು ಅವನು ನೋಡಿದ. ಕುಂಟಲ್ಲ. ಮುದಿಯೂ ಅಲ್ಲ. ಮೈತುಂಬಿದ ಗಂಡುನಾಯಿ. ಇಲ್ಲೂ ಒಬ್ಬ ಕೂತು ತಿನ್ನುವವನು ಇದ್ದಾನೆ ಎಂದು ಜೇನು ಕೀಳುವವನು ನಕ್ಕ. ಸಂಜೆ ಉಳಿದವು ಇದಕ್ಕೆ ಹಲ್ಲು ತೋರಿಸಿ ಓಡಿಸುವುದನ್ನು ನೋಡಿಯೇ ಹೋಗೋಣ ಎಂದುಕೊಂಡ. ಹೇಗೂ ಗಾಳಿ ಇಳಿದಿರಲಿಲ್ಲ.

ಬಿಸಿಲೇರಿತು. ನಾಲ್ಕು ಹೆಜ್ಜೆ ಆಚೆ ನೆರಳಿತ್ತು. ನಾಯಿ ನೆರಳಿಗೆ ಹೋಗಲಿಲ್ಲ, ಸಂದಿನ ಬಾಯಲ್ಲೇ ಮಲಗಿತು. ಮರಿಯೊಂದು ಹೊರಗೆ ಬಂದರೆ ಮೂತಿಯಿಂದ ಒಳಗೆ ತಳ್ಳಿತು. ಇನ್ನೊಂದು ಬಂತು, ಅದನ್ನೂ ತಳ್ಳಿತು. ಹೊತ್ತು ನೆತ್ತಿಗೆ ಬಂದಾಗ ಹಳ್ಳದ ಮರಳಿನಲ್ಲಿ ಒಂದು ಚಿರತೆ ಬಂತು. ನಾಯಿ ಎದ್ದು ನಿಂತಿತು. ಜೊತೆಗೆ ಯಾರೂ ಇಲ್ಲ. ಬೆನ್ನಿನ ಕೂದಲು ನಿಮಿರಿಸಿ, ಗಂಟಲು ಹರಿಯುವಂತೆ ಕೂಗಿತು. ಮರಿಗಳು ಸಂದಿನ ಆಳಕ್ಕೆ ಸೇರಿಕೊಂಡವು. ಚಿರತೆ ನಿಂತಿತು, ನೋಡಿತು, ಇನ್ನೂ ಸ್ವಲ್ಪ ಹೊತ್ತು ನಿಂತಿತು. ನಾಯಿ ಒಂದು ಹೆಜ್ಜೆಯೂ ಹಿಂದಕ್ಕೆ ಇಡಲಿಲ್ಲ. ಕೊನೆಗೆ ಚಿರತೆ ಬೇರೆ ದಾರಿ ಹಿಡಿಯಿತು.

ಬಂಡೆಯ ಮೇಲೆ ಕುಳಿತವನು ಗಾಳಿಯನ್ನು ಮರೆತು ನೋಡುತ್ತಲೇ ಇದ್ದ.

ಸಂಜೆಗೆ ಮುಂಚೆ ಎಂಟು ನಾಯಿಗಳೂ ಬಂದವು. ಮೂತಿ ಕೆಂಪಾಗಿತ್ತು, ಹೊಟ್ಟೆ ಜೋಲುತ್ತಿತ್ತು. ಬೆಳಗಿನಿಂದ ಏನು ನಡೆಯಿತೆಂದು ಅವುಗಳಿಗೆ ಗೊತ್ತಿರಲಿಲ್ಲ. ಹಳ್ಳ ಮೊದಲಿನಂತೆಯೇ ಇತ್ತು, ಮರಿಗಳು ಮೊದಲಿನಂತೆಯೇ ಇದ್ದವು. ಬಂದ ನಾಯಿಗಳು ತಲೆ ತಗ್ಗಿಸಿ, ಹೊಟ್ಟೆಯಲ್ಲಿ ಹೊತ್ತು ತಂದದ್ದನ್ನು ಮರಿಗಳ ಮುಂದೆ ಕಕ್ಕಿದವು. ಕಾವಲಿನ ನಾಯಿ ಮರಿಯಂತೆಯೇ ಹೋಗಿ ಒಂದರ ಬಾಯಿಯ ಅಂಚು ನೆಕ್ಕಿತು. ಆ ನಾಯಿ ಅದಕ್ಕೂ ಕಕ್ಕಿ ಕೊಟ್ಟಿತು. ಯಾವ ನಾಯಿಯೂ ಗುರ್ ಎನ್ನಲಿಲ್ಲ.

ಜೇನು ಕೀಳುವವನು ತನ್ನ ಬಲಗೈ ನೋಡಿಕೊಂಡ. ಮೊದಲ ತುಂಡನ್ನು ತನ್ನ ಬಾಯಿಗೇ ಇಟ್ಟ ಕೈ ಅದು. ಎದ್ದು ಹೋಗಿ ಮರಕ್ಕೆ ಕಟ್ಟಿದ ಹಗ್ಗ ಬಿಚ್ಚಿದ. ಬಿಚ್ಚುವಾಗ ನೋಡಿದರೆ, ಬಂಡೆಯ ಅಂಚಿಗೆ ತಾಗುವ ಜಾಗದಲ್ಲಿ ಎರಡು ಎಳೆ ಹರಿದು ಮೂರನೆಯದು ಮಾತ್ರ ಉಳಿದಿತ್ತು. ಬೆಳಿಗ್ಗೆ ಅದು ಅವನ ಕಣ್ಣಿಗೆ ಬಿದ್ದಿರಲಿಲ್ಲ. ಹಗ್ಗವನ್ನು ಎಳೆ ಎಳೆಯಾಗಿ ನೋಡುವ ಅಭ್ಯಾಸ ಅವನಿಗಿರಲಿಲ್ಲ. ಅದು ಯಾವಾಗಲೂ ಇನ್ನೊಬ್ಬನ ಕೆಲಸವಾಗಿತ್ತು. ಆ ಹಗ್ಗ ಸುತ್ತಿಕೊಂಡು ಮನೆಗೆ ಇಳಿದ.

ಮರುದಿನ ಬೆಳಿಗ್ಗೆ ಭಾವಮೈದುನನ ಹಾಡಿಯ ಕಡೆ ನಡೆದ. ಹಳ್ಳದ ದಾರಿಯಲ್ಲಿ ಮತ್ತೆ ಸೀಳುನಾಯಿಗಳು ಕಂಡವು. ನಿನ್ನೆ ಕಾವಲಿದ್ದ ಗಂಡುನಾಯಿ ಇವತ್ತು ಎಲ್ಲಕ್ಕಿಂತ ಮುಂದೆ ಬೇಟೆಗೆ ಹೋಗುತ್ತಿತ್ತು. ಸಂದಿನ ಬಾಯಲ್ಲಿ ಬೇರೊಂದು ನಾಯಿ ಮಲಗಿತ್ತು.

ಭಾವಮೈದುನ ಬೇರೆಯವರ ಹಗ್ಗ ಹಿಡಿಯಲು ಒಪ್ಪಿಕೊಂಡಿದ್ದರೆ ಏನು ಮಾಡುವುದು ಎಂಬ ಚಿಂತೆ ದಾರಿಯುದ್ದಕ್ಕೂ ಅವನನ್ನು ಕೊರೆಯಿತು. ಹೋಗಿ ನೋಡಿದರೆ ಅವನು ಗುಡಿಸಿಲಿನ ಮುಂದೆ ಕುಳಿತು ಹೊಸ ನಾರು ಹೊಸೆಯುತ್ತಿದ್ದ. ಪಕ್ಕದಲ್ಲಿ ಆ ದಿನ ಹೆಗಲಿಗೆ ಹಾಕಿಕೊಂಡು ಬಂದ ಹಗ್ಗ ಬಿಚ್ಚಿ ಬಿದ್ದಿತ್ತು. ಅರ್ಧ ಹಳೆಯದು, ಅರ್ಧ ಹೊಸದು.

“ಕೋಪ ಬಂದಿತ್ತು ಭಾವ, ಸುಳ್ಳು ಹೇಳುವುದಿಲ್ಲ,” ಎಂದ ಅವನು. “ಆದರೆ ಹಗ್ಗ ಸವೆದದ್ದೂ ನಿಜ. ಕೋಪ ಎರಡು ದಿನಕ್ಕೆ ಹೋಯಿತು. ಹಗ್ಗಕ್ಕೆ ಇನ್ನೊಂದು ದಿನ ಬೇಕು.”

ನಾರು ಹಿಡಿದ ಅವನ ಅಂಗೈಗಳನ್ನು ಜೇನು ಕೀಳುವವನು ಅಂದು ಮೊದಲ ಸಲ ನೋಡಿದ. ಎರಡರಲ್ಲೂ ಅಡ್ಡಕ್ಕೆ ಒಂದೊಂದು ಗೆರೆ, ಹಗ್ಗದಷ್ಟೇ ದಪ್ಪ, ಸುಟ್ಟು ಮಾಗಿ ಕಪ್ಪಾಗಿತ್ತು. ಪಕ್ಕದಲ್ಲಿ ಕುಳಿತು ನಾರಿನ ಇನ್ನೊಂದು ತುದಿ ಹಿಡಿದ. ಸಂಜೆಯವರೆಗೆ ಇಬ್ಬರೂ ಹೊಸೆದರು.

ಮರುದಿನ ನಾಲ್ಕು ಹುಟ್ಟೂ ಕೈಗೆ ಬಂದವು. ಮೇಲೆ ಬಂದವನು ಮೈಮೇಲಿನ ಜೇನನ್ನೂ ಕೊಡವದೆ, ಮೊದಲ ತುಂಡು ಮುರಿದು ಭಾವಮೈದುನನ ಬಾಯಿಗೆ ಇಟ್ಟ. ಅವನು ಅಗಿಯುತ್ತಾ ಅಗಿಯುತ್ತಾ ಮುಖ ಸಿಂಡರಿಸಿ, ಇದರಲ್ಲಿ ಒಂದು ಕೊಂಡಿಯೂ ಇದೆ ಭಾವ ಎಂದ. ಅದರಲ್ಲೂ ನಿನಗೆ ಪಾಲಿರಲಿ ಎಂದ ಜೇನು ಕೀಳುವವನು. ಇಬ್ಬರೂ ಬಂಡೆಯ ಮೇಲೆ ಕುಳಿತು ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ಮನೆಯಲ್ಲಿ ಹೆಂಡತಿ ಇಬ್ಬರ ಹೆಜ್ಜೆ ಸದ್ದು ಕೇಳಿ ಒಲೆಗೆ ಇನ್ನೊಂದು ಸೌದೆ ಇಟ್ಟಳು.

ಗುರುಗಳು ಇಷ್ಟು ಹೇಳಿ ನಿಲ್ಲಿಸಿದರು. ಒಳಗೆ ಸಿದ್ಧಮಲ್ಲ ಒಲೆಯ ಬೂದಿ ಕೆದಕುವ ಸದ್ದು ಕೇಳಿತು. ಗುರುಪಾದ ಮಠ ಸೇರಿದಾಗಿನಿಂದ ಆ ಒಲೆ ಒಂದು ದಿನವೂ ಆರಿರಲಿಲ್ಲ. ಅದು ಯಾಕೆ ಆರಿಲ್ಲವೆಂದು ಅವನು ಯೋಚಿಸಿದ್ದೂ ಇರಲಿಲ್ಲ. ತಲೆ ತಗ್ಗಿಸಿ ಕುಳಿತ. ಇನ್ನು ಇಲ್ಲಿ ಇರು ಎನ್ನುತ್ತಾರೋ, ಹೋಗು ಎನ್ನುತ್ತಾರೋ ಎಂದು ಕಾದ.

“ಕಂಬಳಿ ಬಿಚ್ಚಿ ಹಾಸು ಗುರುಪಾದ, ನಾಳೆ ಜೋಳಿಗೆ ಸಿದ್ಧಮಲ್ಲನದು, ಒಲೆ ನಿನ್ನದು,” ಎಂದರು ಗುರುಗಳು.

ಗುರುಪಾದನ ಕಂಕುಳಿನ ಕಂಬಳಿ ನಿಧಾನವಾಗಿ ಕೆಳಗಿಳಿಯಿತು.

ಓದಿದವರು ಇದನ್ನು ನಿಮ್ಮಲ್ಲೇ ಇಟ್ಟುಕೊಳ್ಳಬೇಡಿ. ಮನೆಮಂದಿಯೆಲ್ಲ ಊಟಕ್ಕೆ ಕುಳಿತಾಗ ಇನ್ನೊಬ್ಬರಿಗೆ ಹೇಳಿ. ಹೇಳುವಾಗ ಸ್ವಲ್ಪ ಗಟ್ಟಿಯಾಗಿ ಹೇಳಿ, ಒಲೆಯ ಮುಂದೆ ಇರುವವರಿಗೂ ಕೇಳಿಸಲಿ.