ಕೊಂಬು ಮುರಿದ ದೂರು

“ಕೇಳ್ರಪ್ಪೋ ಕೇಳ್ರಿ! ಹೊಂಗೆಪುರದ ರಾಣಿ ಚಂಪಲಾದೇವಿಯವರ ಅಪ್ಪಣೆ! ಖಾಲಿ ಬಿದ್ದಿರೋ ನ್ಯಾಯಪೀಠಕ್ಕೆ ಯಾರು ಬೇಕಾದರೂ ಬರಬಹುದು. ಮೂರು ಒಗಟು ಬಿಡಿಸಿದವರಿಗೆ ಪೀಠ, ಮೇಲೊಂದು ವರ. ತಪ್ಪಿದವರಿಗೆ ತಲೆದಂಡ!”

ಡಂಗುರ ಹೂವಿನ ಬೀದಿಗೆ ಬಂದಾಗ ಹಾಲಪ್ಪ ಬುಟ್ಟಿ ಕೆಳಗಿಟ್ಟ. ಅವನ ತಾಯಿ ದ್ಯಾಮವ್ವ ಒಂದು ಕಾಲಕ್ಕೆ ಅರಮನೆಯ ದೇವರಿಗೆ ಮಾಲೆ ಕಟ್ಟುತ್ತಿದ್ದವಳು. ಅವನು ಕೂಸಾಗಿದ್ದಾಗ, ಅವಳು ಬೆಳ್ಳಿ ಹರಿವಾಣ ಕದ್ದಳೆಂದು ಉಗ್ರಾಣದವನು ದೂರು ಕೊಟ್ಟ. ಹರಿವಾಣ ಅಕ್ಕಸಾಲಿಗನ ಮನೆಗೆ ಬೆಸುಗೆಗೆ ಹೋಗಿತ್ತು. ಕೆಲವೇ ದಿನಗಳಲ್ಲಿ ಬಂದು ದೇವರ ಮುಂದೆ ಕೂತಿತು. ದೂರು ಮಾತ್ರ ಕೂತಲ್ಲಿಂದ ಏಳಲಿಲ್ಲ. ಅದನ್ನು ರದ್ದು ಮಾಡಿ ಎಂದು ಅರಿಕೆ ಬರೆಸಲು ಬಡವಿಗೆ ಒಂದು ಮಳೆಗಾಲ ಹಿಡಿಯಿತು. “ತಡವಾಗಿ ಬಂದೆ” ಎಂದು ಆಸ್ಥಾನ ಅದನ್ನು ಬದಿಗಿಟ್ಟಿತು. ಅವಳು ತಡದ ಕಾರಣ ಹೇಳಿ ಮತ್ತೆ ಬೇಡಿಕೊಂಡ ಮೇಲೆ ವಾಯಿದೆ, ವಾಯಿದೆಯ ಮೇಲೆ ವಾಯಿದೆ. ಆಸ್ಥಾನಕ್ಕೆ ಕೆಲಸ ಬಹಳ ನೋಡಿ, ಆಕಳಿಸುವುದಕ್ಕೂ ಹೊತ್ತು ಬೇಕಲ್ಲ! ದೂರು ಇರುವ ತನಕ ಅವಳ ಕೈಯ ಹೂವು ಯಾವ ಗುಡಿಗೂ ಬೇಡವಾಯಿತು.

“ಹೋಗಬ್ಯಾಡ ಮಗನ, ನನ್ನ ಹೆಸರು ಹೋಗಿದ್ದು ಸಾಕು” ಎಂದಳು ದ್ಯಾಮವ್ವ.

“ಯವ್ವಾ, ತಲಿ ಎತ್ತಿ ನಡೆಯಾಕ ಆಗದಿದ್ರ ತಲಿ ಇಟ್ಕೊಂಡು ಏನು ಮಾಡ್ಲಿ? ನೀನೂ ನಡಿ.”

ಆಸ್ಥಾನದಲ್ಲಿ ಎಳೆಯ ರಾಣಿ ಕೇಳಿದಳು: “ಕೊಂಬಿಲ್ಲದಾಗ ಎಷ್ಟು ನಡೆದರೂ ಮುಗಿಯದು. ಕೊಂಬು ಬಂದರೆ ತಾನೇ ಮನೆಬಾಗಿಲಿಗೆ ಬಂದು ಹಾಯುತ್ತದೆ. ಏನದು?”

“ಗೂಳಿ!” ಎಂದ ಸಾಮಂತನ ಮಗ. ಭಟರು ಅವನ ರಟ್ಟೆ ಹಿಡಿದರು.

“ಬಿದಿಗೆಯ ಚಂದ್ರ” ಎಂದರು ಪಂಡಿತರು, ಮೀಸೆ ತಿರುವುತ್ತ.

“ಚಂದ್ರ ಯಾರ ಮನೆಗೆ ನುಗ್ಗಿದ್ದಾನೆ, ಪಂಡಿತರೆ?” ಎಂದಳು ರಾಣಿ. ಅವರನ್ನೂ ಎಳೆದೊಯ್ದರು. ಕತ್ತಿ ಮಸೆಯುವ ಸದ್ದು ಹೊರಗಿನಿಂದ ಕೇಳಿತು.

ಹಾಲಪ್ಪನಿಗೆ ನಗು ಬಂತು, ಅಳುವೂ ಬಂತು. ಅವನು ಓದಲು ಕಲಿತ ಮೊದಲ ಪದವೇ ತಾಯಿಯ ಮೇಲಿನ ಆರೋಪದ ಓಲೆಯದು.

“ದೂರ, ದೇವಿ. ನಡೆದಷ್ಟೂ ಮುಗಿಯೋದಿಲ್ಲ. ‘ರ’ಕ್ಕೆ ಕೊಂಬು ಕೊಟ್ಟರೆ ದೂರು. ನಮ್ಮನಿಗೂ ಬಂದು ಹಾಯ್ದೈತಿ.”

ಸಭೆ ನೆಟ್ಟಗೆ ಕೂತಿತು. ರಾಣಿ ಮುಂದುವರಿಸಿದಳು: “ಗೋಡೆಯಿಲ್ಲ, ಬೀಗವಿಲ್ಲ. ಒಳಗಿದ್ದವರು ಊರೆಲ್ಲ ತಿರುಗಬಹುದು, ಬಿಡುಗಡೆ ಮಾತ್ರ ಇಲ್ಲ. ಯಾವ ಸೆರೆ?”

“ವಾಯಿದೆ. ನಮ್ಮವ್ವ ಇನ್ನೂ ಅದರೊಳಗ ಅದಾಳ.”

ರಾಣಿ ಮೂರನೆಯ ಬೆರಳು ಎತ್ತಿದಳು. “ಕೊನೆಯದು. ತಡ ಮಾಡಿದವರನ್ನೆಲ್ಲ ದಂಡಿಸುತ್ತಾನೆ. ತಾನು ತಡ ಮಾಡಿದರೆ ಕೇಳುವವರಿಲ್ಲ. ಯಾರವನು?”

ಹಾಲಪ್ಪನಿಗೆ ಹೆದರಿಕೆಯಾಯಿತು. ಉತ್ತರ ಗೊತ್ತಿತ್ತು. ಯಮ ಎಂದು ಜಾರಿಕೊಳ್ಳಲೇ ಅನ್ನಿಸಿತು. ಆದರೆ ಯಮ ಎಂದಾದರೂ ತಡ ಮಾಡಿದ್ದುಂಟೆ? ಬಾಗಿಲ ಬಳಿ ಸೆರಗು ಹಿಡಿದು ನಿಂತ ತಾಯಿಯನ್ನು ನೋಡಿದ. ಅವಳ ನೆರೆತ ಕೂದಲು ಕಂಡಿತು. ಹೆದರಿಕೆ ಹೋಗಿ ಸಿಟ್ಟು ಬಂತು.

“ಈ ಆಸ್ಥಾನ! ನಮ್ಮವ್ವ ಒಂದು ಮಳೆಗಾಲ ತಡ ಮಾಡಿದ್ಲು, ಅದಕ್ಕ ಕಾರಣಾನೂ ಹೇಳಿದ್ಲು. ನೀವು ಅಕಿ ತಲಿ ಬೆಳ್ಳಗಾಗೋ ತನಕ ತಡ ಮಾಡಿದ್ರಿ. ಕಾರಣ ಯಾರು ಹೇಳ್ತೀರಿ?”

“ಎಲವೋ!” ಎಂದು ಮಂತ್ರಿ ಎದ್ದ.

“ಕೂತುಕೊಳ್ಳಿ” ಎಂದಳು ರಾಣಿ. “ಸರಿಯುತ್ತರ. ಇದನ್ನು ನನ್ನ ಮುಖಕ್ಕೆ ಹೇಳುವವರು ಬೇಕೆಂದೇ ಡಂಗುರ ಹೊಡೆಸಿದ್ದು. ಪೀಠ ನಿನ್ನದು. ವರ ಕೇಳು.”

“ನಮ್ಮವ್ವನ ಅರಿಕೆ ನೀವೇ ಕೇಳ್ರಿ, ಇವತ್ತೇ. ಬಿಡ್ರಿ ಅಂತ ಬೇಡೂದಿಲ್ಲ, ಕೇಳ್ರಿ ಅಂತೀನಿ. ನಾನು ತೀರ್ಪು ಕೊಟ್ರ ಮಗ ತಾಯಿನ್ನ ಬಿಡಿಸಿದ ಅಂತಾರ.”

ರಾಣಿ ದೇವರ ಮುಂದಿನ ಹರಿವಾಣ ತರಿಸಿ ಬೆಸುಗೆಯನ್ನು ತಾನೇ ಸವರಿ ನೋಡಿದಳು. ಮುದಿ ಅಕ್ಕಸಾಲಿಗನನ್ನು ಕರೆಸಿ ಕೇಳಿದಳು. ಆಮೇಲೆ ಬರೆಯುವ ಕಂಠದ ಮೊನೆಯಿಂದ ಓಲೆಯ ಮೇಲಿನ ‘ದೂರು’ ಪದದ ಕೊನೆಯ ಕೊಂಬನ್ನು ಗೀಚಿಹಾಕಿದಳು. “ದೂರವಾಯಿತು ತಾಯಿ. ತಡವಾದದ್ದು ನಮ್ಮಿಂದ.”

ದ್ಯಾಮವ್ವ ಕಣ್ಣೊರೆಸಿಕೊಂಡಳು. “ಇವತ್ತಂತ ಗೊತ್ತಿದ್ರ ಮಲ್ಲಿಗಿ ತರ್ತಿದ್ದೆ.”

“ನಾಳೆ ತನ್ನಿ. ಮುಂಬಾಗಿಲಿಂದಲೇ ಬನ್ನಿ.”

ಹಾಲಪ್ಪ ಪೀಠ ಏರಿ ಮೊದಲು ಸಾಮಂತನ ಮಗನ ಮತ್ತು ಪಂಡಿತರ ತಲೆ ಉಳಿಸಿದ, ಅದೂ ವಾಯಿದೆ ಹಾಕದೆ. ಮರುದಿನ ದ್ಯಾಮವ್ವ ಬುಟ್ಟಿ ಹೊತ್ತು ತಲೆಯೆತ್ತಿ ಬಂದಳು. ಕಾವಲಿನವನು ಯಾರೆಂದು ಕೇಳಿದ್ದಕ್ಕೆ “ಹೂವಿನ ದ್ಯಾಮವ್ವ” ಎಂದಳಷ್ಟೆ, ಮಗನ ಹೆಸರು ಹೇಳಲಿಲ್ಲ. ಹೊಂಗೆಪುರದವರು ಇವತ್ತಿಗೂ ದೂರು ರದ್ದಾಯಿತು ಅನ್ನುವುದಿಲ್ಲ, ಕೊಂಬು ಮುರೀತು ಅನ್ನುತ್ತಾರೆ.